ಸುಳ್ಳು ಏಟು

ಮೂರನೆಯ ಏಟೂ ಎಡಗೆನ್ನೆಗೇ ಬಿತ್ತು. ಚಾರ್ವಿಯ ತಲೆ ಹಿಂದಿನ ಕಂಬಕ್ಕೆ ಬಡಿದು ಬಾಯಿ ತುಂಬ ರಕ್ತದ ಉಪ್ಪು ಹರಡಿತು.

"ಅಳು, ದರಿದ್ರದವಳೇ!" ಕಾಲಿನ್ ಇಂಗ್ಲಿಷಿನಲ್ಲಿ ಕಿರುಚಿ ಅವಳ ಕಾಲರ್ ಹಿಡಿದೆತ್ತಿದ. ಆ ಮಾತು ಸ್ಕ್ರಿಪ್ಟಿನಲ್ಲಿತ್ತು. ಏಟು ಇರಲಿಲ್ಲ.

ಸ್ಕ್ರಿಪ್ಟಿನ ಪ್ರಕಾರ ಇದು ಮಹಾಯುದ್ಧ ಆಗಷ್ಟೇ ಮುಗಿದಿದ್ದ ಕಾಲದ ಲಂಡನ್ ಸ್ಟುಡಿಯೋ. ಚಾರ್ವಿ ಅಲ್ಲಿಗೆ ಹೊಸದಾಗಿ ಬಂದ ಬಾಲನಟಿ, ಕಾಲಿನ್ ಅವಳನ್ನು ಬಡಿದು ಅಳಿಸುವ ನಿರ್ದೇಶಕ. ನಿಜದಲ್ಲೂ ಈ ಸಿನಿಮಾದ ನಿರ್ದೇಶಕ ಅವನೇ. ಲಂಡನ್ ಮಾತ್ರ ಸ್ವೀಡನ್ನಿನ ಗೋಥೆನ್‌ಬರ್ಗ್ ಬಂದರಿನ ಶೆಡ್ಡೊಂದರಲ್ಲಿ ಹಲಗೆ ಬಡಿದು ನಿಲ್ಲಿಸಿದ್ದು. ವಾರವೆಲ್ಲ ಇಬ್ಬರೂ ಸುಳ್ಳು ಏಟನ್ನೇ ಅಭ್ಯಾಸ ಮಾಡಿದ್ದರು: ಅಂಗೈ ಕೆನ್ನೆಯ ಮುಂದೆ ಗಾಳಿಯಲ್ಲಿ ಹಾದುಹೋಗಬೇಕು, ಅವಳು ಮುಖ ಹೊರಳಿಸಬೇಕು, 'ಛಟೀರ್' ಅನ್ನುವ ಸದ್ದು ಆಮೇಲೆ ಸೇರುತ್ತದೆ.

ಕೈ ಮತ್ತೆ ಎದ್ದಿತು. ಚಾರ್ವಿ ಬಾಯಿ ಹಾಕಿ ಕಚ್ಚಿದಳು. ಹಲ್ಲಿನ ಕೆಳಗೆ ಚರ್ಮ ಹರಿಯಿತು. ಕಾಲಿನ್ ಊಳಿಟ್ಟು, ಅವಳ ಜಡೆ ಹಿಡಿದು ನೆಲಕ್ಕೆ ಒಗೆದ. ಕ್ಯಾಮೆರಾ ಓಡುತ್ತಲೇ ಇತ್ತು.

"ಕಟ್! ಅದ್ಭುತ!" ಬೆರಳಿನಿಂದ ರಕ್ತ ತೊಟ್ಟಿಕ್ಕುತ್ತಿದ್ದರೂ ಅವನು ನಗುತ್ತಿದ್ದ.

ಚಾರ್ವಿ ಎದ್ದು ಕ್ಯಾಮೆರಾದಾಚೆ ನಿಂತಿದ್ದ ಅಮ್ಮ ಕುಮುದಾಳತ್ತ ಓಡಿದಳು. "ಪೊಲೀಸಿಗೆ ಫೋನ್ ಮಾಡು!" ಸ್ವೀಡಿಷ್‌ನಲ್ಲೇ ಅರಚಿದಳು. "ಮಕ್ಕಳಿಗೆ ಹೊಡೆಯೋದು ಅಪರಾಧ! ದಾಗಿಸ್‌ನಲ್ಲಿ ಆಡೋ ಪುಟ್ಟ ಮಕ್ಕಳಿಗೂ ಗೊತ್ತು!"

ಕುಮುದಾ ಫೋನ್ ತೆಗೆಯಲಿಲ್ಲ. ಚೀಲದಿಂದ ಐಸ್ ತೆಗೆದಳು. ಟವೆಲ್ಲಿನಲ್ಲಿ ಅಚ್ಚುಕಟ್ಟಾಗಿ ಸುತ್ತಿಟ್ಟ ಐಸು, ಮನೆಯಿಂದ ತಂದದ್ದು.

ಚಾರ್ವಿ ಅದನ್ನೇ ನೋಡಿದಳು. ಅದು ಅವಳದೇ ಈಜಿನ ಟವೆಲ್. ಮತ್ತೆ ಸ್ವೀಡಿಷ್‌ನಲ್ಲೇ ಕೇಳಿದಳು: "ನಿಂಗೆ ಮೊದ್ಲೇ ಗೊತ್ತಿತ್ತಾ?"

"ಒಂದೇ ಏಟು ಅಂದಿದ್ದ ಕಣೇ, ಹ್ಞೂಂ ಅಂದೆ. ನಿಂಗೆ ಹೇಳಿದ್ರೆ ನೀನು ಮುಖ ತಿರುಗಿಸ್ಬಿಡ್ತಿದ್ದೆ. ನಮ್ ಮೇಷ್ಟ್ರು ಸ್ಕೇಲ್ ಮುರಿಯೋ ಹಾಗೆ ಬಾರಿಸ್ತಿದ್ರು, ನಾವೇನ್ ಸತ್ತೋದ್ವಾ?"

ಕಾಲಿನ್ ಕೈಗೆ ಕರ್ಚೀಫ್ ಸುತ್ತುತ್ತ ಹತ್ತಿರ ಬಂದ. ಮುಂದಿನ ಸಿನಿಮಾಕ್ಕೂ ಇವಳೇ ನಾಯಕಿ ಅಂದ. ಈಗ ಒಂದೇ ಒಂದು ಕ್ಲೋಸಪ್ ಬೇಕು, ಈ ಸಲ ಏಟು ಸುಳ್ಳು, ಪ್ರಾಮಿಸ್.

"ಕೇಳಿಸ್ತಾ, ಪುಟ್ಟಿ? ಹೀರೋಯಿನ್ ಅಂತೆ!" ಕುಮುದಾ ಐಸನ್ನು ಕೆನ್ನೆಯತ್ತ ಚಾಚಿದಳು. "ತಗೋ, ಒತ್ಕೊ. ಆಮೇಲೆ ಹೂಂ ಅಂದ್ಬಿಡು."

ಚಾರ್ವಿ ಕೈ ಎರಡನ್ನೂ ಬೆನ್ನ ಹಿಂದೆ ಕಟ್ಟಿದಳು. ಕಣ್ಣು ಒಣಗಿಯೇ ಇತ್ತು. ಅಮ್ಮನಿಗೆ ತಪ್ಪದೆ ತಾಕಲೆಂದು ಕನ್ನಡದಲ್ಲೇ ಹೇಳಿದಳು.

"ಬೇಡ."