ಎರಡನೇ ಭಾಗದ ಎರಡನೇ ಅರ್ಧ

ಎಂಬತ್ತೈದನೇ ಇಸವಿಯ ಬೇಸಿಗೆಯ ಶುರುವಿನಲ್ಲಿ ರಾಜಾಜಿನಗರದಿಂದ ವಿಜಯನಗರದವರೆಗೆ ಉಕ್ಕದೆ ಉಳಿದ ಹಾಲಿನ ಪಾತ್ರೆ ಒಂದೂ ಇರಲಿಲ್ಲ. ಹಾಲನ್ನು ಒಲೆಯ ಮೇಲಿಟ್ಟ ಹೆಂಗಸರೆಲ್ಲ ಕಾಂಪೌಂಡಿನ ಹತ್ತಿರ ನಿಂತು ಮೇಘವತಿಯನ್ನು ಬೈಯುತ್ತಿದ್ದರು. ಬೈಯದವರು ಬೈಯುವವರನ್ನು ಬೈಯುತ್ತಿದ್ದರು. ಹೊತ್ತಿದ ಹಾಲಿನ ವಾಸನೆ ಮಾಗಡಿ ರಸ್ತೆ ಹಿಡಿದು ಹೋಗಿ ತಿಪ್ಪಗೊಂಡನಹಳ್ಳಿ ಕೆರೆಯ ಮೀನುಗಳನ್ನೂ ಮುಟ್ಟಿತಂತೆ.

ಮೇಘವತಿ ಪಕ್ಕದ ಬೀದಿಯ ಹುಡುಗಿಯೇನಲ್ಲ. ‘ನೀಲಗವಿಯ ರಾಣಿ’ ಎಂಬ ಕಾದಂಬರಿಯ ನಾಯಕಿ. ಅದರ ಮೊದಲ ಭಾಗದಲ್ಲಿ ಕರಿ ರೆಕ್ಕೆಯ ನಿಶಾಂಕ ಎಂಬವನು ಅವಳನ್ನು ಎತ್ತಿಕೊಂಡು ಹೋಗಿ ಗವಿಯಲ್ಲಿಟ್ಟಿದ್ದ. ಯುವರಾಜ ಅರುಣಕೇತು ಏಳು ಬೆಂಕಿಯ ನದಿಗಳನ್ನು ದಾಟಿ ಬಂದು ಬಿಡಿಸಿಕೊಂಡು ಹೋಗಿ, ಕೊನೆಯ ಪುಟದಲ್ಲಿ ಮಾಲೆ ಹಾಕಿದ್ದ. ಆ ವರ್ಷ ಬಸವೇಶ್ವರನಗರದಲ್ಲಿ ಹುಟ್ಟಿದ ಗಂಡುಮಕ್ಕಳಲ್ಲಿ ಅರ್ಧಕ್ಕರ್ಧ ಅರುಣಕೇತುಗಳೇ. ಉಳಿದರ್ಧ ಮಕ್ಕಳಿಗೆ ಅಜ್ಜಂದಿರು ಅಡ್ಡ ಬಂದಿದ್ದರು.

ಆಮೇಲೆ ಎರಡನೇ ಭಾಗ ಬಂತು. ಮೇಘವತಿ ಆ ಮಾಲೆಯನ್ನು ತೆಗೆದು ಗೂಟಕ್ಕೆ ಸಿಕ್ಕಿಸಿ, ತಾನಾಗಿಯೇ ನಡೆದುಕೊಂಡು ನಿಶಾಂಕನ ಗವಿಗೆ ವಾಪಸು ಹೋಗಿಬಿಟ್ಟಳು.

ಇದನ್ನೆಲ್ಲ ಬರೆದ ‘ಶ್ರೀಮತಿ ಮಂದಾರಮಾಲಾ’ ಹೇಗಿರುತ್ತಾಳೆಂದು ಯಾರೂ ಕಂಡಿರಲಿಲ್ಲ. ಕಂಡಿದ್ದರೂ ನಂಬುತ್ತಿರಲಿಲ್ಲ. ಅವಳು ಬಸವೇಶ್ವರನಗರದ ಹೆಣ್ಣುಮಕ್ಕಳ ಹೈಸ್ಕೂಲಿನಲ್ಲಿ ವಿಜ್ಞಾನ ಹೇಳುವ ಕೋಕಿಲಾ ಟೀಚರು. ಮದುವೆಯಾಗಿರಲಿಲ್ಲ, ‘ಶ್ರೀಮತಿ’ಯನ್ನು ಪ್ರಕಾಶಕರೇ ದಯಪಾಲಿಸಿದ್ದರು. ಬೆಳಿಗ್ಗೆ ಎದ್ದು ಅಮ್ಮನಿಗೆ ಅಡಿಗೆ ಮಾಡಿಟ್ಟು, ಹಗಲೆಲ್ಲ ಜೀರ್ಣಾಂಗವ್ಯೂಹದ ಚಿತ್ರ ಬರೆದು, ಸಂಜೆ ಉತ್ತರಪತ್ರಿಕೆ ತಿದ್ದಿ, ಎರಡು ಕಟ್ಟುಗಳ ನಡುವೆ ಸಿಕ್ಕ ಸಮಯದಲ್ಲಿ ಮೇಘವತಿಯನ್ನು ಬೆಳೆಸಿದ್ದಳು. ಅವಳ ಆಯಾಸವನ್ನು ಮಡಚಿ ಇಡುವುದಾದರೆ ಮೂರು ಬಾಗಿಲಿನ ಬೀರುವೂ ಸಾಲುತ್ತಿರಲಿಲ್ಲ. ಕುಂಭಕರ್ಣನನ್ನು ಅವಳ ಪಕ್ಕ ನಿಲ್ಲಿಸಿದ್ದರೆ, ಪಾಪ, ಅವನೇ ಚಾಪೆ ಬಿಟ್ಟುಕೊಡುತ್ತಿದ್ದ.

ಪ್ರಕಾಶಕ ಚನ್ನಮಲ್ಲಪ್ಪನವರ ಆಫೀಸು ರಾಜಾಜಿನಗರದಲ್ಲಿ ಒಂದು ಹಿಟ್ಟಿನ ಗಿರಣಿಯ ಮೇಲಿತ್ತು. ಅಲ್ಲಿಂದ ಹೊರಬಂದ ಯಾವ ಪುಸ್ತಕವನ್ನು ಕೊಡವಿದರೂ ಒಂದು ರೊಟ್ಟಿಗಾಗುವಷ್ಟು ಹಿಟ್ಟು ಬೀಳುತ್ತಿತ್ತು. ಅವರು ಕೋಕಿಲಾಳನ್ನು ಕರೆಸಿ, ಮೇಜಿನ ಪಕ್ಕದ ಗೋಣಿಚೀಲವನ್ನು ಕಾಲಿನಿಂದ ಮುಂದಕ್ಕೆ ತಳ್ಳಿದರು. ತುಂಬ ಪೋಸ್ಟ್‌ಕಾರ್ಡು.

“ನೋಡಿಮ್ಮ, ಎಲ್ಲಾ ನಿಮ್ಮ ಕಡೆಯವ್ರೇ. ವಿಜಯನಗರ, ಬಸವೇಶ್ವರನಗರ, ನಂದಿನಿ ಲೇಔಟು. ತಂದು ಹಾಕಿ ಹಾಕಿ ಅಂಚೆಯವನ ಸೈಕಲ್ ಚಕ್ರ ಸೊಟ್ಟಗಾಗಿದೆ.”

“ಏನಂತಾರೆ ಸಾರ್?”

“ಒಬ್ಬರು ಥೂ ಅಂತಾರೆ, ಒಬ್ಬರು ಭೇಷ್ ಅಂತಾರೆ. ಥೂ ಅನ್ನೋರೇ ಜಾಸ್ತಿ. ಮೂರನೇ ಭಾಗದಲ್ಲಿ ಅವಳ್ನ ಅರಮನೆಗೆ ವಾಪಸ್ ಕಳಿಸ್ಬಿಡಿ. ಮುಗೀತು.”

“ಯಾಕೆ ಬಿಟ್ಟು ಹೋದಳು ಅಂತ ಬರ್ದಿದೀನಲ್ಲ. ಅದನ್ನ ಓದಿದ ಮೇಲೂ ಹೀಗಂತಾರಾ?”

“ಓದಿದ ಹಾಗೆ ಕಾಣ್ಸಲ್ಲಮ್ಮ. ಓದೋರ ಕೈ ಹಿಡ್ಕೊಂಡು ಓದ್ಸಕ್ಕಾಗುತ್ತಾ?” ಚನ್ನಮಲ್ಲಪ್ಪ ಕನ್ನಡಕದ ಹಿಟ್ಟು ಒರೆಸಿಕೊಂಡರು. “ನಿಮ್ಗಾಗಲ್ಲ ಅಂದ್ರೆ ಬೇಜಾರಿಲ್ಲ, ಹೇಳ್ಬಿಡಿ. ಮಹಾಲಕ್ಷ್ಮಿ ಲೇಔಟಲ್ಲಿ ಒಬ್ರು ಮೇಷ್ಟ್ರಿದಾರೆ, ಯಾರ ಹೆಸರಲ್ಲಿ ಬೇಕಾದ್ರೂ ಬರೀತಾರೆ. ಮಂದಾರಮಾಲಾ ಅನ್ನೋ ಹೆಸರು ನಂದು ತಾನೇ. ತಿಂಗಳ ಕೊನೇಲಿ ಬಂದು ಒಂದು ಮಾತು ಹೇಳಿ.”

ಹೆಸರು ಅವರದೇ ನಿಜ. ಆದರೆ ಹುಡುಗಿ? ಕಂಡವರ್ಯಾರೋ ಮೇಘವತಿಯ ರಟ್ಟೆ ಹಿಡಿದು ಎಳೆದುಕೊಂಡು ಹೋಗಿ, ಅವಳು ಬಿಟ್ಟು ಬಂದ ಮನೆಯ ಬಾಗಿಲಲ್ಲಿ ನಿಲ್ಲಿಸುತ್ತಾರೆ ಅನ್ನುವುದನ್ನು ನೆನೆದರೆ ಕೋಕಿಲಾಳಿಗೆ ಗಿರಣಿಯ ಮೆಟ್ಟಿಲು ಇಳಿಯುವುದಕ್ಕೇ ಕಾಲು ಬರಲಿಲ್ಲ.

ಓದುವವರನ್ನೇ ಕೇಳೋಣವೆಂದು ಅವಳು ವಿಜಯನಗರದ ವೆಂಕಟಗಿರಿಯ ಸರ್ಕ್ಯುಲೇಟಿಂಗ್ ಲೈಬ್ರರಿಗೆ ಹೋದಳು. ಅಲ್ಲಿಯವರಿಗೆ ಅವಳು ಬರೀ ಟೀಚರು. ಹೆಸರಿಗೆ ಲೈಬ್ರರಿ, ಒಂದು ಎಮ್ಮೆ ಒಳಗೆ ಬಂದರೆ ತಿರುಗಿಸಲಾಗದೆ ಹಿಂದಕ್ಕೇ ನಡೆಸಬೇಕಾದಷ್ಟು ಜಾಗ. ಅಷ್ಟರಲ್ಲೇ ವೆಂಕಟಗಿರಿ ಎರಡು ಬೆಂಚು ಎದುರುಬದುರಾಗಿ ಹಾಕಿದ್ದ. ಆ ತಿಂಗಳು ಬಾಗಿಲ ಕಡೆಯ ಬೆಂಚು ಅರುಣಕೇತುವಿನದು, ಗೋಡೆ ಕಡೆಯದು ನಿಶಾಂಕನದು. ಗೊತ್ತಿಲ್ಲದೆ ತಪ್ಪು ಬೆಂಚಿನಲ್ಲಿ ಕೂತವನಿಗೆ ಪುಸ್ತಕವಿರಲಿ, ನೀರೂ ಸಿಗುತ್ತಿರಲಿಲ್ಲ.

ಬಾಗಿಲ ಕಡೆಯ ಮುಖಂಡ ಸೇತುರಾಮ, ರಿಟೈರಾದ ಹೆಡ್‌ಕ್ಲರ್ಕು. “ಏಳು ಬೆಂಕಿ ನದಿ ದಾಟ್ಕೊಂಡು ಬಂದೋನು ಕಣಮ್ಮ ಅವನು. ಅಂಥವನಿಗೆ ಕೈಕೊಟ್ಟು ಹೋಗ್ತಾಳಲ್ಲ, ಇವಳಿಗೆ ಏನು ಕಮ್ಮಿಯಾಗಿತ್ತು?”

ಗೋಡೆ ಕಡೆಯಿಂದ ವತ್ಸಲಾ, ಹಿಂದಿನ ಬೀದಿಯ ಗೃಹಿಣಿ, ಕತ್ತು ಮುಂದೆ ಹಾಕಿದಳು. “ದಾಟ್ದ, ಸರಿ ಸಾರ್. ದಾಟಿದ್ದನ್ನ ಎಷ್ಟು ಸಲ ಹೇಳ್ತಾನೆ? ಊಟಕ್ಕೆ ಕೂತ್ರೆ ನದಿ, ಮಲಗಿದ್ರೆ ನದಿ. ನಿಶಾಂಕ ನೋಡಿ, ಅವಳು ಬಾಯಿ ಬಿಡೋಷ್ಟರಲ್ಲಿ ರೆಕ್ಕೆ ಬಿಚ್ಚಿ ನಿಂತಿರ್ತಾನೆ. ನಮ್ಮನೆಯವರಿಗೆ ಸ್ಕೂಟರ್ ತೆಗೀರಿ ಅಂದ್ರೆ ಪೇಪರ್ ಮುಗೀಬೇಕು.”

“ರೆಕ್ಕೆ ಇದ್ದೋರೆಲ್ಲ ಗಂಡಂದಿರಾಗೋ ಹಾಗಿದ್ರೆ ನಿಮ್ಮನೆ ಕೋಳಿ ಏನು ಪಾಪ ಮಾಡಿತ್ತಮ್ಮ?”

“ನೀವು ಸುಮ್ನಿರಿ ಸಾರ್. ನೀವು ಅರುಣಕೇತು ಹೆಸರು ಮೊಮ್ಮಗನಿಗಿಟ್ಟು ಸಿಕ್ಕಾಕ್ಕೊಂಡಿದೀರ, ಅದಕ್ಕೇ ಈ ವಕಾಲತ್ತು.”

ಕೋಕಿಲಾ ಇಬ್ಬರಿಗೂ ಸೇರದೆ ಮಧ್ಯೆ ನಿಂತು ಮೆಲ್ಲಗೆ ಕೇಳಿದಳು: “ಅಲ್ಲ, ಅರುಣಕೇತು ಸಿಂಹಾಸನಕ್ಕೋಸ್ಕರ ಅವಳ ನೆರಳನ್ನ ಮಾಂತ್ರಿಕನಿಗೆ ಮಾರಿಬಿಟ್ಟಿದ್ದು ಗೊತ್ತಾಗಿ ಹೋದಳಲ್ವಾ?”

ಎರಡೂ ಬೆಂಚು ಅವಳನ್ನೇ ನೋಡಿದವು.

“ನೆರಳಾ?” ಸೇತುರಾಮ ಕೇಳಿದರು. “ಯಾವ ನೆರಳು ಟೀಚರ್?”

“ಅದೆಲ್ಲ ಎಲ್ಲೂ ಬರಲ್ಲಪ್ಪ,” ಅಂದಳು ವತ್ಸಲಾ. “‘ಅವಳು ಹಿಂತಿರುಗಿ ನೋಡಲಿಲ್ಲ’ ಅಂತ ಮುಗಿಯುತ್ತೆ.”

ವೆಂಕಟಗಿರಿ ಇದ್ದಕ್ಕಿದ್ದ ಹಾಗೆ ಕಪಾಟಿನ ಧೂಳು ಹೊಡೆಯತೊಡಗಿದ. ಆ ಕಪಾಟು ಅದುವರೆಗೆ ಧೂಳು ಹೊಡೆಸಿಕೊಂಡ ಕಪಾಟೇ ಅಲ್ಲ.

ಕೋಕಿಲಾ ಅವನ ಹಿಂದೆ ಹೋಗಿ ನಿಂತಳು. ಅವನು ದನಿ ತಗ್ಗಿಸಿ ಒಪ್ಪಿಕೊಂಡ. ದಪ್ಪ ಪುಸ್ತಕ ಬಂದರೆ ಬೈಂಡರಿಗೆ ಕೊಟ್ಟು ನಡುವೆ ಕತ್ತರಿಸಿ, ಎರಡು ಪುಸ್ತಕ ಮಾಡಿಸಿ, ಬೆನ್ನಿಗೆ ಕ್ಯಾಲಿಕೊ ಬಟ್ಟೆ ಅಂಟಿಸಿ ಬಾಡಿಗೆಗೆ ಬಿಡುವುದು ಅವನ ಪದ್ಧತಿ. ಎರಡನೇ ಭಾಗಕ್ಕೂ ಹಾಗೇ ಮಾಡಿದ್ದ. ಎರಡನೇ ಅರ್ಧವನ್ನು ಮೊದಲು ತಗೊಂಡು ಹೋದವರು ವಾಪಸು ತಂದೇ ಇಲ್ಲ. ಅದೊಂದು ಇದೆ ಅಂತ ಹೇಳಿದರೆ ಎಲ್ಲರೂ ಕೇಳುತ್ತಾರೆ. ಹೇಳದಿದ್ದರೆ ಯಾರಿಗೂ ಅನುಮಾನವಿಲ್ಲ.

“ಅಲ್ಲೇ ಮುಗಿದ ಹಾಗಿತ್ತು ಟೀಚರ್. ಹಿಂತಿರುಗಿ ನೋಡಲಿಲ್ಲ ಅಂತ. ಎಷ್ಟು ಚೆನ್ನಾಗಿ ಮುಗಿದಿತ್ತು.”

ಆ ವಾಕ್ಯದ ಬಗ್ಗೆ ಕೋಕಿಲಾಳಿಗೆ ಅದುವರೆಗೆ ಬಹಳ ಹೆಮ್ಮೆಯಿತ್ತು.

ಅಂತೂ ಅರ್ಧ ಬೆಂಗಳೂರು ಒಂದೇ ಅರ್ಧ ಪುಸ್ತಕವನ್ನು ಕೈಯಿಂದ ಕೈಗೆ ದಾಟಿಸಿಕೊಂಡು ಕಚ್ಚಾಡಿತ್ತು. ಪೂರ್ತಿ ಓದಿದ ಉಳಿದ ಕರ್ನಾಟಕ ಬಾಯಿಮುಚ್ಚಿಕೊಂಡಿತ್ತು. ಪೋಸ್ಟ್‌ಕಾರ್ಡ್ ಬರೆಯುವ ಚಟ ಇದ್ದದ್ದು ಈ ಕಡೆಯವರಿಗೇ. ಕಾರಣವನ್ನು ಇವರು ಓದಿಬಿಟ್ಟರೆ ಎಲ್ಲ ಸರಿಹೋಗುತ್ತದೆ ಅನ್ನಿಸಿತು ಅವಳಿಗೆ. ಅಚ್ಚಾದ ಪ್ರತಿಗಳೆಲ್ಲ ಖರ್ಚಾಗಿ ಅವಳ ಹತ್ತಿರವೂ ಒಂದು ಉಳಿದಿರಲಿಲ್ಲ. ಎರಡನೇ ಅರ್ಧ ಎಲ್ಲಿದೆ ಎಂದು ಕೇಳಿದಳು. ಹೇರೋಹಳ್ಳಿಯ ಗಂಗಲಕ್ಷ್ಮಮ್ಮ ಅನ್ನುವವರ ಹತ್ತಿರ. ವಿಜಯನಗರದ ಮಗಳ ಮನೆಗೆ ಬಂದವರು ಒಯ್ದಿದ್ದರು.

ಭಾನುವಾರ, ಇದ್ದ ಒಂದೇ ಒಂದು ರಜ, ಕೋಕಿಲಾ ಬಸ್ಸು ಹತ್ತಿದಳು. ಮಾಗಡಿ ರಸ್ತೆಯಲ್ಲಿ ಇಳಿದು ನಡೆದರೆ ಹೊಸ ಸೈಟುಗಳು, ಅರ್ಧ ಎದ್ದ ಗೋಡೆಗಳು, ಮತ್ತೆ ರಸ್ತೆ ಎಂದು ಹೇಳಿಕೊಳ್ಳುತ್ತಿದ್ದ ಒಂದು ಗುಂಡಿ. ಆ ಗುಂಡಿಯೊಳಗೆ ಇಳಿದವರು ಮೇಲೆ ಬರುವಷ್ಟರಲ್ಲಿ ಸರ್ಕಾರವೇ ಬದಲಾಗಿರುತ್ತಿತ್ತು. ಅದರ ಆ ದಡದಲ್ಲಿ ಗಂಗಲಕ್ಷ್ಮಮ್ಮ ಜಗುಲಿಯ ಮೇಲೆ ಕೂತು ಹುಣಸೆಹಣ್ಣಿನ ಬೀಜ ಬಿಡಿಸುತ್ತಿದ್ದರು. ಲೈಬ್ರರಿಯ ಹೆಸರು ಕೇಳಿದ ಕೂಡಲೆ ಅವರ ಕೈ ನಿಂತಿತು.

“ಪುಸ್ತಕ ಐತೆ. ಕೊಡಾಕಿಲ್ಲ.”

“ಯಾಕಮ್ಮ?”

“ಕೊಡಣ ಅಂತಾನೇ ಹೋಗಿದ್ದೆ ಕಣವ್ವ. ಅಲ್ಲಿ ಜನ ಆ ಹುಡುಗೀನ ಬಾಯಿಗೆ ಬಂದಂಗೆ ಬಯ್ತಾ ಕೂತಿದ್ರು. ಗಂಡನ ಜೊತೆ ತಣ್ಣಗೆ ಬಾಳ್ವೆ ಮಾಡ್ತಾ ಇರೋಳ್ನ ಹಂಗಾ ಅನ್ನೋದು? ಸೆರಗಲ್ಲಿ ಮುಚ್ಕೊಂಡು ವಾಪಸ್ ತಂದ್ಬಿಟ್ಟೆ.”

“ಗಂಡ ಅಂದ್ರೆ?”

“ನಿಶಾಂಕ. ಇನ್ನಾರು?” ಗಂಗಲಕ್ಷ್ಮಮ್ಮ ಅವಳನ್ನು ದಡ್ಡಿಯನ್ನು ನೋಡುವ ಹಾಗೆ ನೋಡಿದರು. “ಪಾಪ, ಆ ಮಂತ್ರಗಾರನ ಹತ್ರ ಹೆಂಡ್ತಿ ನೆರಳು ಬಿಡಿಸ್ಕೊಂಡು ಬರಾಕೆ ಎರಡೂ ರೆಕ್ಕೆ ಕೊಟ್ಟು ಬಂದ. ಈಗ ನಡ್ಕೊಂಡೇ ಹೋಗಿ ನೀರು ತತ್ತಾನೆ. ಅವಳು ಬಿಂದಿಗೆ ಇಳಿಸ್ಕತ್ತಾಳೆ. ಚೆನ್ನಾಗವ್ರೆ.”

“ಮತ್ತೆ ಅರುಣಕೇತು?”

“ಆ ಕಿರೀಟದೋನಾ? ಅವನ್ಯಾರೋ ದಾಯಾದಿ ಇರಬೈದು. ಆಗಾಗ ಗವಿ ಬಾಗ್ಲಿಗೆ ಬಂದು ಕಿರುಚ್ತಾನೆ. ಸೈಟಿನ ತಕರಾರು ಅನ್ಕತೀನಿ.”

ಮೊದಲ ಭಾಗವನ್ನಾಗಲಿ ಮೊದಲ ಅರ್ಧವನ್ನಾಗಲಿ ಗಂಗಲಕ್ಷ್ಮಮ್ಮ ಕಂಡಿರಲಿಲ್ಲ. ಅವನು ಅವಳ ಮೊದಲಿನ ಗಂಡ ಎಂದು ಹೇಳಲು ಬಾಯಿ ತೆರೆದ ಕೋಕಿಲಾ, ಹಾಗೇ ಮುಚ್ಚಿಕೊಂಡು ಜಗುಲಿಯ ಕಂಬಕ್ಕೆ ಒರಗಿದಳು. ಎರಡು ಭಾಗ ಬರೆದು, ಒಂದು ಚೀಲ ಪೋಸ್ಟ್‌ಕಾರ್ಡ್ ಓದಿ, ಇಷ್ಟು ದೂರ ಬಂದ ಮೇಲೆ ಒಬ್ಬರ ಬಾಯಲ್ಲಿ ‘ಚೆನ್ನಾಗವ್ರೆ’ ಅನ್ನುವ ಮಾತು ಬಂದಿತ್ತು. ಆ ಬಾಯಿಗೆ ಅರ್ಧ ಕಥೆಯೇ ಗೊತ್ತಿರಲಿಲ್ಲ.

“ಅಮ್ಮ, ಇದನ್ನ ಕೊಡಿ. ಅಲ್ಲಿಯೋರು ಇದನ್ನ ಓದಿಲ್ಲ, ಅದಕ್ಕೇ ಬಯ್ತಾರೆ. ಇದ್ರಲ್ಲಿ ಕಾರಣ ಇದೆ.”

“ಕಾರಣ ಗೊತ್ತಾದ್ರೆ ಸುಮ್ಕಾಗ್ತಾರಾ?”

“ಆಗ್ಲೇಬೇಕಲ್ಲ.”

ಗಂಗಲಕ್ಷ್ಮಮ್ಮ ಒಳಗೆ ಹೋಗಿ, ಪೇಪರಿನಲ್ಲಿ ಸುತ್ತಿದ ಪುಸ್ತಕವನ್ನು ಎರಡೂ ಕೈಯಲ್ಲಿ ತಂದು ಕೊಟ್ಟರು. “ನೋಡ್ಕಳವ್ವ,” ಅಂದರು. ಪುಸ್ತಕವನ್ನೋ ಹುಡುಗಿಯನ್ನೋ, ಬಿಡಿಸಿ ಹೇಳಲಿಲ್ಲ.

ಎರಡನೇ ಅರ್ಧ ಬಂತೆಂಬ ಸುದ್ದಿ ಕಿವಿಯಿಂದ ಕಿವಿಗೆ ಓಡಿ, ಮಾರನೇ ಸಂಜೆ ಲೈಬ್ರರಿಯ ಮುಂದೆ ಬಸ್ಸುಗಳು ದಾರಿ ಬದಲಿಸುವಷ್ಟು ಜನ. ಸರದಿಗೆ ಕಾಯುವ ತಾಳ್ಮೆ ಯಾರಿಗೂ ಇರಲಿಲ್ಲವಾಗಿ ಸೇತುರಾಮ ಗಟ್ಟಿಯಾಗಿ ಓದಿದರು. ನೆರಳು ಮಾರಿದ ಜಾಗ ಬಂದಾಗ ಅವರ ದನಿ ಕುಸಿಯಿತು. ರೆಕ್ಕೆ ಕೊಟ್ಟ ಜಾಗ ಬಂದಾಗ ಗೋಡೆ ಕಡೆಯ ಬೆಂಚು ನಿಟ್ಟುಸಿರುಬಿಟ್ಟಿತು. ಎದುರಿನ ಅಂಗಡಿಯ ಊದುಬತ್ತಿ ಆರಿಹೋಯಿತು. ಕೋಕಿಲಾ ಬಾಗಿಲ ಮರೆಯಲ್ಲಿ ನಿಂತು, ಈಗ ಮುಗಿಯಿತು, ಎಂದುಕೊಂಡಳು.

ಸೇತುರಾಮ ಪುಸ್ತಕ ಮುಚ್ಚಿದರು. “ಹೆಂಡ್ತಿ ನೆರಳು ಮಾರೋನು ಮನುಷ್ಯನೇನ್ರಿ? ಅವಳು ಹೋಗಿದ್ದು ನೂರಕ್ಕೆ ನೂರು ಸರಿ. ಆ ನಿಶಾಂಕ ಅಪ್ಪಟ ಚಿನ್ನ. ನಾನು ಮೊದಲಿಂದ ಹೇಳ್ತಾನೇ ಇದ್ದೆ.”

“ಏನು ಚಿನ್ನ?” ವತ್ಸಲಾ ಎದ್ದು ನಿಂತಳು. ಅವಳ ಕಣ್ಣಲ್ಲಿ ನೀರಿತ್ತು. “ರೆಕ್ಕೆ ಕೊಟ್ಬಂದ್ನಂತೆ, ನೀರು ಹೊರ್ತಾನಂತೆ. ನೀರು ಹೊರೋಕೆ ನಮ್ಮನೆಯವರಿಲ್ವಾ ಸಾರ್? ಅದಕ್ಕೆ ಕಾದಂಬರಿ ಬೇರೆ ಓದ್ಬೇಕಾ? ಅರಮನೇಲೇ ಇದ್ದಿದ್ರೆ ಆಳುಗಳಾದ್ರೂ ಇರ್ತಿದ್ರು.”

“ಅಯ್ಯೋ, ನೀವೇ ತಾನೇ ನಿನ್ನೆವರೆಗೂ ನಿಶಾಂಕ ನಿಶಾಂಕ ಅಂತಿದ್ದಿದ್ದು?”

“ರೆಕ್ಕೆ ಇರೋ ನಿಶಾಂಕನ್ನ ಅಂದಿದ್ದು.”

ಕೋಕಿಲಾ ನೋಡುತ್ತಿದ್ದ ಹಾಗೆಯೇ ಬಾಗಿಲ ಬೆಂಚಿನವರು ಎದ್ದು ಗೋಡೆಯ ಬೆಂಚಿಗೆ ಹೋದರು, ಗೋಡೆಯವರು ಬಾಗಿಲಿಗೆ ಬಂದರು. ದಾರಿಯಲ್ಲಿ ಒಬ್ಬರಿಗೊಬ್ಬರು ಭುಜ ತಾಗಿಸಿಕೊಂಡು, ಕ್ಷಮಿಸಿ ಎಂದೂ ಹೇಳಿ, ಕೂತ ಮೇಲೆ ಮತ್ತೆ ಶುರುಮಾಡಿದರು. ಗಲಾಟೆ ಕೂದಲೆಳೆಯಷ್ಟೂ ಕಮ್ಮಿಯಾಗಲಿಲ್ಲ.

“ಟೀಚರ್, ನೀವು ಯಾವ ಕಡೆ?” ಯಾರೋ ಕೇಳಿದರು. ಅವಳು ಬಸ್ಸಿಗೆ ಹೊತ್ತಾಯಿತೆಂದು ಹೊರಟಳು. ಅವಳಿಗೆ ಕೋಪವೂ ಬರಲಿಲ್ಲ. ಕೋಪ ಬರಬೇಕಾದರೂ ಮೈಯಲ್ಲಿ ಸ್ವಲ್ಪ ತ್ರಾಣ ಬೇಕು. ಬಸ್ಸಿನಲ್ಲಿ ಕಂಬ ಹಿಡಿದು ನಿಂತಿದ್ದಾಗ ಗಂಗಲಕ್ಷ್ಮಮ್ಮ ಕೇಳಿದ್ದು ನೆನಪಾಯಿತು. ಕಾರಣ ಗೊತ್ತಾದರೆ ಸುಮ್ಮನಾಗುತ್ತಾರಾ? ಇಲ್ಲ. ಹಾಗಾದರೆ ಇಷ್ಟು ದಿನ ತಾನು ಹೊತ್ತುಕೊಂಡು ತಿರುಗಿದ ಕಾರಣ ಯಾರಿಗಾಗಿ? ಮೇಘವತಿಗಾಗಿ ಅಷ್ಟೇ. ಅವಳಿಗೊಬ್ಬಳಿಗೆ ಗೊತ್ತಿದ್ದರೆ ಸಾಕಿತ್ತು.

ತಿಂಗಳ ಕೊನೆಗೆ ಹಿಟ್ಟಿನ ಗಿರಣಿಯ ಮೆಟ್ಟಿಲು ಹತ್ತಿದಳು. ಚನ್ನಮಲ್ಲಪ್ಪನವರ ಮೇಜಿನ ಪಕ್ಕ ಇನ್ನೊಂದು ಚೀಲ ಸೇರಿತ್ತು. ಕೂರುವ ಮೊದಲೇ ಹೇಳಿಬಿಟ್ಟಳು, ಕೂತರೆ ಮತ್ತೆ ಏಳಲಾಗುವುದಿಲ್ಲವೇನೋ ಎಂದು.

“ಅವಳ್ನ ಅರಮನೆಗೆ ಕಳಿಸಲ್ಲ ಸಾರ್. ಹೆಸರು ನಿಮ್ದು, ಇಟ್ಕೊಳ್ಳಿ. ಮೇಷ್ಟ್ರ ಕೈಲೇ ಬರೆಸಿ. ಅವರು ಬರೆಯೋಳು ಬೇರೆ ಯಾರೋ ಹುಡುಗಿ ಆಗಿರ್ತಾಳೆ, ಅಷ್ಟೇ.”

ಚನ್ನಮಲ್ಲಪ್ಪ ಕನ್ನಡಕ ತೆಗೆದರು. ಹಿಟ್ಟು ಬಿದ್ದ ಹುಬ್ಬಿನಡಿಯಿಂದ ಅವಳನ್ನೂ ಚೀಲಗಳನ್ನೂ ನೋಡಿದರು. ಅವರೂ ಬಹಳ ಸುಸ್ತಾಗಿದ್ದ ಹಾಗಿತ್ತು.

“ಮೇಷ್ಟ್ರು ಬಂದಿದ್ರು,” ಎಂದರು. “ಅವಳ್ನ ಅರಮನೆಗೆ ವಾಪಸ್ ಕಳಿಸಿ ಅಂತ ಒಂದು ಚೀಲ ಅನ್ನುತ್ತೆ, ಕಳಿಸ್ಬೇಡಿ ಅಂತ ಇನ್ನೊಂದು ಅನ್ನುತ್ತೆ. ಎರಡರಲ್ಲೂ ಅದೇ ಜನ, ಅದೇ ಕೈಬರಹ. ಎರಡನ್ನೂ ಓದಿ, ನಂಗೆ ಹೆಂಡತಿ ಮಕ್ಕಳಿದಾರೆ ಅಂತ ಎದ್ದು ಹೋದ್ರು.” ಎದುರಿನ ಕುರ್ಚಿಯನ್ನು ಟವೆಲಿನಿಂದ ಒರೆಸಿದರು. “ಕೂತ್ಕೊಳ್ಳಿಮ್ಮ. ನೀವೇ ಬರೀರಿ. ಹೆಂಗಾದ್ರೂ ಬರೀರಿ.”

ಕೋಕಿಲಾ ಕೂತಳು. ಗೆದ್ದೆ ಎಂದು ಅನ್ನಿಸಲಿಲ್ಲ. ಇನ್ನೊಂದು ಭಾಗ ಪೂರ್ತಿ ಬರೆಯಬೇಕಲ್ಲ ಎಂದಷ್ಟೇ ಅನ್ನಿಸಿತು. ಕೆಳಗೆ ಗಿರಣಿ ಗಡಗಡ ಅನ್ನುತ್ತಿತ್ತು.

“ಹೆಂಗೆ ಶುರು ಮಾಡ್ತೀರ?” ಚನ್ನಮಲ್ಲಪ್ಪ ಕೇಳಿದರು.

“ಮೊದಲನೇ ಅಧ್ಯಾಯದಲ್ಲಿ ಮೇಘವತಿ ಮಲಗಿ ನಿದ್ದೆ ಮಾಡ್ತಾಳೆ.”

“ಯಾರ ಜೊತೆ?”

“ಒಬ್ಬಳೇ.”

ಚನ್ನಮಲ್ಲಪ್ಪ ಲೆಕ್ಕ ಹಾಕಲು ಪೆನ್ಸಿಲು ಎತ್ತಿಕೊಂಡರು. “ಎಷ್ಟು ಪುಟ?”

“ಅವಳಿಗೆ ಸಾಕು ಅನ್ನಿಸೋವರೆಗೂ,” ಅಂದಳು ಕೋಕಿಲಾ.