ಅಲುಗಾಡದೆ ನಿಂತ ಓಣಿ

ಕ್ಯಾಮೆರಾ ಡಬ್ಬಿಯ ಕಣ್ಣು ತಮ್ಮ ಕಡೆ ತಿರುಗಿದ್ದೇ ತಡ, ಕಲ್ಲು ಎತ್ತುತ್ತಿದ್ದ ಗಂಡಸರೆಲ್ಲ ತಾವೇ ಕಲ್ಲಾದರು. ರೊಟ್ಟಿ ಭಟ್ಟಿಯ ದಾವೂದ್ ಒಂದು ಕೈಯಲ್ಲಿ ಹಾರೆ ಹಿಡಿದು, ಇನ್ನೊಂದರಿಂದ ಮೀಸೆ ತೀಡಿ, ಉಸಿರು ಬಿಗಿಹಿಡಿದ.

"ಅಲುಗಾಡಿ ಸ್ವಾಮಿ," ಎಂದು ಲಂಡನ್ನಿಗೆ ಕಳಿಸುವ ಚಿತ್ರ ತೆಗೆಯಲು ಜೆರುಸಲೇಮಿನಿಂದ ಬಂದಿದ್ದ ವರ್ತಾನ್ ಡಬ್ಬಿಯ ಹಿಡಿಕೆ ತಿರುಗಿಸುತ್ತಲೇ ಬೇಡಿಕೊಂಡ. "ಇದು ಓಡಾಡೋ ಚಿತ್ರ. ಫೋಟೋ ಅಲ್ಲ."

"ಅಲುಗಾಡಿದ್ರೆ ಮುಖ ಕಲಸಿಹೋಗುತ್ತೆ ಸಾಹೇಬ್ರೆ. ಮದುವೆ ಫೋಟೋಲಿ ನನ್ನ ಹೆಂಡ್ತಿಗೆ ಎರಡು ಮೂಗು ಬಂದವೆ," ಎಂದ ದಾವೂದ್, ತುಟಿ ಅಲುಗಿಸದೆ.

ನಾಬ್ಲಸ್ಸಿನಲ್ಲಿ ಭೂಮಿ ನಡುಗಿ ಒಂದು ದಿನವಾಗಿತ್ತು. ಉಮ್ ಶಾಕಿರಳ ಮೂರು ಮಹಡಿಯ ಮನೆ ಗುಡ್ಡವಾಗಿ ಬಿದ್ದಿತ್ತು. ಅದರಡಿಯಲ್ಲಿ, ಉಂಡು ಮಲಗಿದ್ದ ಅವಳ ಗಂಡ. ಬೆಳಗಿನಿಂದ ಅವಳು ಆ ಗುಡ್ಡವನ್ನು ಸಾವಿರ ಸಲ ಸುತ್ತಿರಬೇಕು. ಕೂತರೆ ನೆಲ ಸುಡುತ್ತಿತ್ತು, ನಿಂತರೆ ಕಾಲು ನಿಲ್ಲುತ್ತಿರಲಿಲ್ಲ.

"ನಿನ್ನೆಯಿಂದ ಒಂದು ತೊಟ್ಟು ನೀರಿಲ್ಲದೆ ಬಿದ್ದವ್ರೆ ನಮ್ಮನೆಯವ್ರು. ನೀವಿಲ್ಲಿ ಮದುಮಕ್ಕಳ ಹಂಗೆ ನಿಂತಿದೀರಿ. ದಾವೂದ್, ನಿನ್ನ ಮೂತಿ ನೋಡೋಕೆ ಲಂಡನ್ನಲ್ಲಿ ಯಾರೂ ಕಾಯ್ತಿಲ್ಲ ಕಣಪ್ಪ."

"ಕಾಯ್ತಿದಾರೆ ತಾಯಿ," ಎಂದ ವರ್ತಾನ್. "ಇದನ್ನ ನೋಡಿದ್ರೆ ಗುಡಾರ, ಹಿಟ್ಟು ಎಲ್ಲಾ ಕಳಿಸ್ತಾರೆ."

"ಹಿಟ್ಟು ಬರೋ ಹೊತ್ತಿಗೆ ತಿನ್ನೋರು ಇರಬೇಕಲ್ಲಪ್ಪ."

ನಾಚಿಕೊಂಡ ಗಂಡಸರು ಮತ್ತೆ ಹಾರೆ ಎತ್ತಿದರು. ವರ್ತಾನ್ ಮುಕ್ಕಾಲಿಯನ್ನು ಇನ್ನಷ್ಟು ಹತ್ತಿರ ಊರಿ ಹಿಡಿಕೆ ತಿರುಗಿಸಿದ. ಮತ್ತೆ ಅದೇ ಕಥೆ. ಹಾರೆಯ ಸದ್ದಿಲ್ಲ, ಕೆಮ್ಮಿಲ್ಲ. ಮುದುಕರು ಕೂಡ ಎದೆ ಉಬ್ಬಿಸಿ ನಿಂತುಬಿಟ್ಟರು. ಇಡೀ ಓಣಿಯಲ್ಲಿ ಕಿರ್ರ್‌ಗುಟ್ಟುತ್ತಿದ್ದದ್ದು ಆ ಡಬ್ಬಿಯೊಂದೇ.

ಬೈಯಲು ಬಾಯಿ ತೆರೆದ ಉಮ್ ಶಾಕಿರ್ ಹಾಗೆಯೇ ನಿಂತಳು. ತಲೆ ಓರೆ ಮಾಡಿದಳು. ಸರಸರನೆ ಬಂದು ವರ್ತಾನನ ಮುಂಗೈ ಹಿಡಿದಳು.

"ನಿಲ್ಸು."

"ಒಂದೇ ಒಂದು ನಿಮಿಷ ತಾಯಿ. ಈ ಬೆಳಕು ಹೋದ್ರೆ ಮತ್ತೆ ಬರಲ್ಲ. ನಿಮ್ಮ ಮುಖ ಈಗ ಹೇಗಿದೆ ಅಂದ್ರೆ..."

"ನನ್ನ ಮುಖ ಹಾಳಾಗ್ಲಿ. ನಿನ್ನ ಗಿರಣಿ ನಿಲ್ಸಪ್ಪ. ಕೇಳಿಸ್ತಿಲ್ಲ ನಂಗೆ."

ಅವನ ಬೆರಳು ಒಂದು ಸುತ್ತು ಹೆಚ್ಚಿಗೆ ತಿರುಗಿಸಿ, ಆಮೇಲೆ ಹಿಡಿಕೆ ಬಿಟ್ಟಿತು.

ಈಗ ಎಲ್ಲರಿಗೂ ಕೇಳಿಸಿತು. ಕಲ್ಲುಗಳ ಕೆಳಗೆ, ಬಲು ಆಳದಲ್ಲಿ, ಟಕ್. ಬಿಡುವು. ಟಕ್ ಟಕ್.

ದಾವೂದ್ ಹಾರೆಯನ್ನು ಸದ್ದಾಗದಂತೆ ನೆಲಕ್ಕೆ ಒರಗಿಸಿದ. ಬರಿಗೈಯಲ್ಲಿ ಒಂದು ಕಲ್ಲು ಬಿಡಿಸಿ ಹಿಂದಕ್ಕೆ ನೀಡಿದ. ಹಿಂದಿನವನು ಅದನ್ನು ಇನ್ನೊಬ್ಬನಿಗೆ ಕೊಟ್ಟ. ಸಾಲಿನ ಕೊನೆಗೆ ಬಂದ ಕಲ್ಲನ್ನು ವರ್ತಾನ್ ಎರಡೂ ಕೈಯಲ್ಲಿ ತಗೊಂಡು, ಮೊಟ್ಟೆ ಇಟ್ಟ ಹಾಗೆ ಮೆಲ್ಲಗೆ ಕೆಳಗಿಟ್ಟ.