ಕೂಗು ತಪ್ಪಿದವನು

ಮಸಿಗಾಳಿ ಅಂದರೆ ಗಾಳಿಯೂ ಅಲ್ಲ, ಮೋಡವೂ ಅಲ್ಲ. ಭಾಲ್ಕಿ, ಔರಾದ ಕಡೆ ಭಾದ್ರಪದದ ಯಾವುದಾದರೊಂದು ನಡುಮಧ್ಯಾಹ್ನ, ಮಾಂಜ್ರಾ ನದಿಯ ದಿಕ್ಕಿನಿಂದ ಬೆಳಕು ಇಳಿಯತೊಡಗುತ್ತಿತ್ತು, ಯಾರೋ ಕಂದೀಲಿನ ಬತ್ತಿ ಇಳಿಸಿದ ಹಾಗೆ. ಬಿಸಿಲು ಮೈ ಸುಡುತ್ತಲೇ ಇರುತ್ತಿತ್ತು, ಕಣ್ಣಿಗೆ ಮಾತ್ರ ಏನೂ ಕಾಣುತ್ತಿರಲಿಲ್ಲ. ದೀಪ ಹಚ್ಚಿದರೆ ಉರಿ ಕಾಣುವುದು, ದೀಪ ಹಿಡಿದ ಕೈ ಕಾಣದು.

ಎರಡು ತಾಸಿಗೆ ಬೆಳಕು ಮರಳುತ್ತಿತ್ತು. ಆಗ ಮನೆಯ ಯಜಮಾನ ಹೊಸ್ತಿಲ ಮೇಲೆ ನಿಂತು, ಒಳಗಿರುವ ಪ್ರತಿಯೊಬ್ಬರ ಹೆಸರನ್ನೂ ಓಣಿಯ ಕೊನೆಗೆ ಕೇಳುವಂತೆ ಕೂಗಬೇಕು. ಹೆಸರಿನವರು ‘ಅದೀನಿ’ ಎನ್ನಬೇಕು. ನೆಲದ ಮೇಲೆ ನೆರಳು ಮೂಡುವುದರೊಳಗೆ ಇದು ಮುಗಿಯಬೇಕು. ಪಿಸುಗುಟ್ಟಿದರೆ ನಡೆಯದು. ಕೂಗು ತಪ್ಪಿದವರ ಕಣ್ಣಿಗೆ ಬೆಳಕು ಮತ್ತೆ ಬರುವುದಿಲ್ಲ. ಔರಾದದ ಅಂಜನಾಬಾಯಿ ಹೀಗೇ ಬಳೆ ಮಾರಲು ಒಂದು ಮನೆಗೆ ಹೋಗಿ ಕುಳಿತಿದ್ದಳು. ಆ ಮನೆಯವರು ಮರೆತರು. ಹನ್ನೊಂದು ವರ್ಷವಾಯಿತು, ಈಗ ಬೆರಳಿನಿಂದ ಮುಟ್ಟಿ ಬಳೆ ಆರಿಸುತ್ತಾಳೆ.

ಭಾಲ್ಕಿಯಲ್ಲಿ ಬಟ್ಟೆಯ ಅಂಗಡಿ ಇಟ್ಟಿದ್ದ ಮನ್ಮಥಪ್ಪ ಎಂದೂ ಯಾರನ್ನೂ ಮರೆತವನಲ್ಲ. ಇಷ್ಟಲಿಂಗ ಪೂಜೆಯಷ್ಟೇ ನಿಷ್ಠೆಯಿಂದ ಕೂಗು ಹಾಕುತ್ತಿದ್ದ. ಆ ಬಗ್ಗೆ ಅವನಿಗೆ ಸ್ವಲ್ಪ ಜಂಬವೂ ಇತ್ತು.

ಅವನ ಅಂಗಡಿಯ ಕಟ್ಟೆಯ ಮೇಲೆ ಇಪ್ಪತ್ತು ವರ್ಷದಿಂದ ದಸ್ತಗೀರ ರಫೂ ಕೆಲಸ ಮಾಡುತ್ತಿದ್ದ. ಹರಿದ ಶಾಲು ಕೊಟ್ಟರೆ ಎಳೆಗೆ ಎಳೆ ಕೂಡಿಸಿ, ಎಲ್ಲಿ ಹರಿದಿತ್ತೆಂದು ಒಡೆಯನಿಗೇ ತಿಳಿಯದಂತೆ ಮಾಡಿಕೊಡುತ್ತಿದ್ದ. ಕಣ್ಣೇ ಅವನ ಅನ್ನ. ಹಿಂದಿನ ವರ್ಷ ನಿಜಾಮನ ಕಡೆಯ ರಜಾಕಾರರು ಅಂಗಡಿಗೆ ಬೆಂಕಿ ಇಡಲು ಬಂದಾಗ ಇದೇ ದಸ್ತಗೀರ ಬಾಗಿಲಿಗೆ ಅಡ್ಡ ನಿಂತು, “ಮನ್ಮಥಪ್ಪ ನಮ್ಮಣ್ಣ ಅದಾನ, ಮೊದಲ ನನಗ ಹಚ್ಚರಿ” ಎಂದು ಊರಿಗೆಲ್ಲ ಕೇಳುವಂತೆ ಒದರಿದ್ದ. ಅವರು ಬೈಯುತ್ತ ತಿರುಗಿ ಹೋಗಿದ್ದರು.

ಈ ಭಾದ್ರಪದದಲ್ಲಿ ಪೊಲೀಸ್ ಆ್ಯಕ್ಷನ್ ಆಯಿತು, ನಿಜಾಮ ಶರಣಾದ. ಮಿಲಿಟರಿ ಲಾರಿಗಳು ಬೀದರಿನ ಕಡೆ ಹೋದವು. ತಪ್ಪು ಮಾಡಿದ್ದ ರಜಾಕಾರರು ಎಂದೋ ಕಾಲು ಕಿತ್ತಿದ್ದರು. ಸಿಟ್ಟು ತೀರಿಸಿಕೊಳ್ಳಲು ಹೊರಟವರ ಕೈಗೆ ಸಿಕ್ಕವರು ಓಡಲು ಕಾರಣವೇ ಇಲ್ಲದಿದ್ದ ಬಡಪಾಯಿ ಮುಸಲ್ಮಾನರು.

ಮೂರನೆಯ ದಿನ ಮಧ್ಯಾಹ್ನ ದಸ್ತಗೀರ ಏದುಸಿರು ಬಿಡುತ್ತ ಹಿತ್ತಲ ಬಾಗಿಲಿಗೆ ಬಂದ. ಮನ್ಮಥಪ್ಪನ ಹೆಂಡತಿ ಲಲಿತಾಬಾಯಿ ಒಂದು ಮಾತೂ ಕೇಳದೆ ಅವನನ್ನು ನಡುಮನೆಯ ಹಗೇವಿಗೆ ಇಳಿಸಿದಳು. ಜೋಳ ತುಂಬುವ ಆ ನೆಲಗುಂಡಿ ಆಗ ಖಾಲಿಯಿತ್ತು. ಬಾಯಿಗೆ ಹಲಗೆ ಮುಚ್ಚಿ ಮೇಲೆ ಚಾಪೆ ಹಾಸಿದಳು.

ಹಿಂದೆಯೇ ಹದಿನೈದು ಇಪ್ಪತ್ತು ಜನ ಕೊಡಲಿ, ಬಡಿಗೆ ಹಿಡಿದು ಮುಂಬಾಗಿಲಿಗೆ ಬಂದರು.

“ಸಾವ್ಕಾರ್ರ, ಅಂವ ಇಲ್ಲಿಗೇ ಬಂದಾನಂತ. ಹೊರಗ ಹಾಕ್ರಿ. ಇಲ್ಲಾಂದ್ರ ನಿಮ್ಮನ್ನೂ ಅವನ ಕೂಡೇ ಲೆಕ್ಕಾ ಹಿಡೀತೇವಿ.”

“ಯಾರೂ ಬಂದಿಲ್ರೆಪಾ,” ಎಂದ ಮನ್ಮಥಪ್ಪ.

ಅಷ್ಟರಲ್ಲಿ ಬೆಳಕು ಇಳಿಯತೊಡಗಿತು. ಕೊಡಲಿ ಹಿಡಿದ ಶೂರರೆಲ್ಲ ಎದ್ದೆವೋ ಬಿದ್ದೆವೋ ಎಂದು ತಮ್ಮ ತಮ್ಮ ಮನೆಗೆ ಓಡಿದರು. ಕೂಗಿಸಿಕೊಳ್ಳಲು ಅವರಿಗೂ ಹೆಸರುಗಳಿದ್ದವಲ್ಲ!

ಎರಡು ತಾಸು ಮನ್ಮಥಪ್ಪ ಕತ್ತಲಲ್ಲಿ ಕುಳಿತು ತನ್ನನ್ನೇ ತಾನು ಕೇಳಿಕೊಂಡ. ಕೂಗಿದರೆ ಕೊಲ್ಲುತ್ತಾರೆ. ಕೂಗದಿದ್ದರೆ ಕಣ್ಣು ಹೋಗುತ್ತದೆ. ಕಣ್ಣಿಗಿಂತ ಜೀವ ದೊಡ್ಡದು, ಯಾರನ್ನು ಬೇಕಾದರೂ ಕೇಳಿ. ಲೆಕ್ಕ ಸರಿಯಾಗಿತ್ತು.

ಬೆಳಕು ಮರಳತೊಡಗಿದಾಗ ಹೊಸ್ತಿಲಿಗೆ ಬಂದು ನೋಡಿದ. ಓಣಿ ಖಾಲಿ! ಅಕ್ಕಪಕ್ಕದ ಮನೆಗಳಿಗೆ ಬೀಗ ಬಿದ್ದು ವಾರವಾಗಿತ್ತು. ಎದುರು ಮನೆಯ ಹೊಸ್ತಿಲಲ್ಲಿ ಒಬ್ಬಂಟಿ ಮುದುಕಿ ಗುರಮ್ಮ ಮಾತ್ರ ನಿಂತಿದ್ದಳು. ತನ್ನ ಹೆಸರನ್ನು ತಾನೇ ಕೂಗಿ, ತಾನೇ ‘ಅದೀನಿ’ ಎಂದಳು.

ಮನ್ಮಥಪ್ಪ ಶುರು ಮಾಡಿದ. “ಲಲಿತಾಬಾಯೀ!” “ಅದೀನಿ.” “ವಿಮಲಾ!” “ಅದೀನಿ,” ಎಂದಳು ಮಗಳು. ಎಮ್ಮೆಯನ್ನೂ ಬಿಡಲಿಲ್ಲ. “ಗೌರೀ!” ಎಂದ. ಎಮ್ಮೆಯ ಪರವಾಗಿ ಲಲಿತಾಬಾಯಿ ಓಗೊಟ್ಟಳು. ತನ್ನ ಹೆಸರನ್ನೂ ಕೂಗಿಕೊಂಡ. ಆಮೇಲೆ ಸುಮ್ಮನಾದ.

“ಇನ್ನೊಬ್ರು ಅದಾರಲ್ಲೋ ತಮ್ಮಾ,” ಎಂದಳು ಗುರಮ್ಮ. “ಹಿತ್ತಲ ಕಡಿ ಹೋಗೂದು ನೋಡೀನಿ. ಕೂಗು, ನಾ ಯಾರಿಗೂ ಹೇಳಂಗಿಲ್ಲ. ನೆಳ್ಳು ಬೀಳಾಕತ್ತೇದ, ಲಗೂ ಕೂಗು.”

ಮುದುಕಿ ಸುಳ್ಳು ಹೇಳುವವಳಲ್ಲ. ಅದು ಅವನಿಗೆ ಚೆನ್ನಾಗಿ ಗೊತ್ತಿತ್ತು. ಆದರೂ ಕೊಡಲಿಯವರ ಮಾತು ನೆನಪಾಯಿತು. ‘ನಿಮ್ಮನ್ನೂ’ ಅಂದಿದ್ದರಲ್ಲ, ಅದೊಂದೇ ಮಾತು.

“ಯಾರೂ ಇಲ್ಲಬೇ ಯವ್ವಾ,” ಎಂದ. ದೊಡ್ಡ ದನಿಯಲ್ಲೇ ಎಂದ.

ಕಾಲಬುಡದಲ್ಲಿ ಅವನ ನೆರಳು ಬಿತ್ತು. ಗುರಮ್ಮ ಬಾಗಿಲು ಹಾಕಿಕೊಂಡಳು.

ಹಗೇವಿನ ಹಲಗೆ ಸರಿಸಿದಾಗ ದಸ್ತಗೀರ ಮುಖ ಮೇಲೆತ್ತಿದ. ಕಣ್ಣು ತೆರೆದೇ ಇದ್ದವು. “ಬೆಳಕ ಆತೇನ್ರಿ?” ಎಂದು ಕೇಳಿದ. ಲಲಿತಾಬಾಯಿ ಸೆರಗು ಬಾಯಿಗೆ ಒತ್ತಿಕೊಂಡಳು. ಅವನೇ ಮೆಲ್ಲಗೆ, “ಎಮ್ಮೀ ಹೆಸರೂ ಕೂಗಿದ್ರಿ. ಇನ್ನ ನಂದ ಅಂತ ಕಾಯ್ಕೋಂತ ಕುಂತಿದ್ದೆ,” ಎಂದ.

ಊರು ತಣ್ಣಗಾದ ಮೇಲೆ, ಹದಿನೈದು ದಿನ ಬಿಟ್ಟು, ಮನ್ಮಥಪ್ಪ ಅವನನ್ನು ಬಂಡಿಯಲ್ಲಿ ಕೂರಿಸಿಕೊಂಡು ಬೀದರಿಗೆ ಹೋದ. ದಸ್ತಗೀರನ ಹೆಂಡತಿ ಖತೀಜಾ ಬೇಗಂ ಅಲ್ಲಿ ತವರಲ್ಲಿದ್ದಳು. ಗಂಡ ಜೀವಂತ ಇದ್ದಾನೆಂದು ಅತ್ತಳು, ಅವನ ಕಣ್ಣು ನೋಡಿ ಮತ್ತೆ ಅತ್ತಳು. ಅತ್ತು ಮುಗಿಸಿ ಕೇಳಿದಳು:

“ಹೆಸರು ಯಾಕ ಕೂಗ್ಲಿಲ್ರಿ, ಅಣ್ಣಾರ?”

ಬೈಯಲಿ, ಶಾಪ ಹಾಕಲಿ ಎಂದು ಮನ್ಮಥಪ್ಪ ಕಾದ.

ಮಾತಾಡಿದವನು ದಸ್ತಗೀರ. “ಹ್ಯಾಂಗ ಕೂಗ್ತಾರ? ಓಣಿ ತುಂಬ ಕೊಡ್ಲಿ ಹಿಡಕೊಂಡು ನಿಂತಿದ್ರು. ನನ್ನ ಕಿವೀಲೇ ಕೇಳೀನಿ.”

ಖತೀಜಾ ಎರಡೂ ಕೈ ಎತ್ತಿ ಮನ್ಮಥಪ್ಪನ ಹೆಂಡತಿ ಮಕ್ಕಳಿಗೆಲ್ಲ ದುವಾ ಬೇಡಿದಳು. ಚಹಾ ತಂದಿಟ್ಟಳು. “ನೀವು ಇಲ್ದಿದ್ರ ಇವ್ರು ಉಳೀತಿದ್ದಿಲ್ರಿ,” ಎಂದಳು.

ಮನ್ಮಥಪ್ಪ ಬಟ್ಟಲು ಕೈಗೆ ತೆಗೆದುಕೊಂಡ.

“ಇರ್ಲಿ ಬಿಡ್ರಿ,” ಎಂದ, “ದಸ್ತಗೀರ ನಮ್ಮ ಮನೀ ಮನಷ್ಯಾ ಅಲ್ಲೇನು.”